ಜೇಬಿನಲ್ಲೇ ಉಳಿದ ಬಿಲ್ಲೆ

ಬಂಗಾರಪೇಟೆ ಸ್ಟೇಷನ್

ನಮ್ಮ ಕಡೆಯವರಿಗೆ ನೀರಿನ ವಿಷಯದಲ್ಲಿ ಅಷ್ಟಾಗಿ ನಂಬಿಕೆಯಿಲ್ಲ. ಪಾಲಾರ್ ಅಂತ ಒಂದು ನದಿ ಹೆಸರಿಗೆ ಇದೆ, ಅದರಲ್ಲಿ ನೀರಿಗಿಂತ ಮರಳೇ ಜಾಸ್ತಿ ಕಂಡವರು ನಾವು. ಕೆರೆ ಕೋಡಿ ಬಿದ್ದರೆ ಟೆಂಪೊ ಮಾಡಿಕೊಂಡು ನೋಡಲು ಹೋಗುತ್ತೇವೆ. ಅಂಥ ಊರಿನ ನನ್ನನ್ನು ಸೇಶೆಲ್ಸ್ ಎಂಬ ದ್ವೀಪ ದೇಶಕ್ಕೆ, ಅದೂ ದೋಣಿಗಳ ಕೆಲಸಕ್ಕೆ ಕಳಿಸುತ್ತಾರೆ ಅಂದಾಗ ಊರಿನ ಅರಳಿಕಟ್ಟೆಯಲ್ಲಿ ಕೂತವರೆಲ್ಲ ಒಂದು ವಾರ ನಕ್ಕರು.

ನಾನು ಕೆಜಿಎಫ್‌ನ ಕಾರ್ಖಾನೆಯೊಂದರಲ್ಲಿ ಫಿಟ್ಟರ್. ಮಣ್ಣು ಅಗೆಯುವ ದೊಡ್ಡ ಯಂತ್ರಗಳು ನಮ್ಮ ಕಸುಬು. ಒಮ್ಮೊಮ್ಮೆ ಬೇರೆ ಥರದ ಯಂತ್ರಕ್ಕೂ ಬೇಡಿಕೆ ಬರುತ್ತದೆ. ಈ ಸಲ ಬಂದದ್ದು ನಾಲ್ಕು ಕಾಲಿನ, ಟೈರ್ ಗಾಲಿಯ ಒಂದು ಯಂತ್ರಕ್ಕೆ. ಕಾವಲು ದೋಣಿಗಳನ್ನು ನೀರಿನಿಂದ ತೊಟ್ಟಿಲಿನ ಹಾಗೆ ಎತ್ತಿ ದಡಕ್ಕೆ ತರುವುದು ಅದರ ಕೆಲಸ. ಯಂತ್ರ ಹಡಗಿನಲ್ಲಿ ಮೊದಲೇ ಹೋಗಿತ್ತು. ಜೋಡಿಸಿ, ನಡೆಸಿ, ಅಲ್ಲಿಯವರಿಗೆ ಕಲಿಸಿ ಬರಲು ನಾನು ಮತ್ತು ವೆಲ್ಡರ್ ಸೆಲ್ವ. ಸೆಲ್ವ ಊರಿಗಾಂನ ಗಣಿ ಕಾರ್ಮಿಕರ ಲೈನಿನ ಹುಡುಗ. ಹುಡುಗ ಅಂದೆ, ಅವನಿಗೂ ಎರಡು ಮಕ್ಕಳಿವೆ.

ಕಳಿಸಲು ನನ್ನ ಹೆಂಡತಿ ರತ್ನಮ್ಮ ಸ್ಟೇಷನ್‌ವರೆಗೂ ಬಂದಳು. ಅವಳು ನನ್ನ ಅಕ್ಕನ ಮಗಳು. ಮದುವೆಯಾಗಿ ಇಷ್ಟು ವರ್ಷವಾದರೂ ಮಾವ ಅಂತಲೇ ಕರೆಯುತ್ತಾಳೆ. ರಾಗಿ ಹಿಟ್ಟು, ಹುಣಸೆ ತೊಕ್ಕು, ಹುರಿದ ಕಡಲೆಕಾಯಿ ಎಲ್ಲ ಕಟ್ಟಿಕೊಟ್ಟಿದ್ದಳು. ರೈಲು ಬರುವಾಗ ಹೇಳಿದ್ದು ಇಷ್ಟೇ:

“ನೀರ್ ತಾವ ಉಷಾರು ಮಾವ. ನಿಂಗೆ ನಮ್ ಕೆರೇಲೇ ಈಜಕ್ಕೆ ಬರಲ್ಲ.”

ಹೇಳಿ, ನನ್ನ ಅಂಗಿಯ ಜೇಬನ್ನು ಒಂದು ಸಲ ಮುಟ್ಟಿ ನೋಡಿದಳು.

ಈ ಜೇಬು ಮುಟ್ಟುವ ಅಭ್ಯಾಸದ ಬಗ್ಗೆ ಹೇಳಲೇಬೇಕು. ಕಾರ್ಖಾನೆಗೆ ಸೇರುವ ಮುಂಚೆ, ಗಣಿ ಮುಚ್ಚುವವರೆಗೂ, ನಾನು ಮೈಸೂರು ಮೈನ್ಸ್‌ನಲ್ಲಿ ಕೆಳಗೆ ಇಳಿಯುತ್ತಿದ್ದೆ. ಇಳಿಯುವವರಿಗೆಲ್ಲ ನಂಬರ್ ಕೊರೆದ ಒಂದೊಂದು ಹಿತ್ತಾಳೆ ಬಿಲ್ಲೆ. ಇಳಿಯುವಾಗ ಅದನ್ನು ಕಿಟಕಿಯಲ್ಲಿ ಕೊಡಬೇಕು, ಗುಮಾಸ್ತ ಅದನ್ನು ಬೋರ್ಡಿನ ಮೊಳೆಗೆ ಹಾಕುತ್ತಾನೆ. ಮೇಲೆ ಬಂದ ಮೇಲೆ ವಾಪಸು ಇಸಿದುಕೊಂಡು ಜೇಬಿಗೆ ಹಾಕಿಕೊಂಡು ಮನೆಗೆ. ಬಿಲ್ಲೆ ಬೋರ್ಡಿನಲ್ಲಿದ್ದರೆ ಮನುಷ್ಯ ಭೂಮಿಯೊಳಗೆ, ಜೇಬಿನಲ್ಲಿದ್ದರೆ ಮನುಷ್ಯ ಮನೆಯಲ್ಲಿ. ಹೊಸದಾಗಿ ಮದುವೆಯಾದ ರತ್ನಮ್ಮ ಕೈಗೆ ನೀರು ಕೊಡುವ ಮುಂಚೆ ನನ್ನ ಜೇಬು ಮುಟ್ಟುತ್ತಿದ್ದಳು. ಗಣಿ ಮುಚ್ಚಿತು, ಅವಳ ಕೈ ಆ ಬುದ್ಧಿ ಬಿಡಲಿಲ್ಲ.

ನಮ್ಮ ಮನೆಯಲ್ಲಿ ಅದಕ್ಕೆ ಕಾರಣವೂ ಇತ್ತು. ನಾನು ಚಿಕ್ಕವನಿದ್ದಾಗ ನಮ್ಮ ಚಿಕ್ಕಪ್ಪ, ಅಪ್ಪನ ತಮ್ಮ, ಅದೇ ಗಣಿಯ ಶಾಫ್ಟಿನಲ್ಲಿ ಇಳಿದವರು ಮೇಲೆ ಬರಲಿಲ್ಲ. ಬಂಡೆ ಸಿಡಿದು ದಾರಿ ಮುಚ್ಚಿಹೋಯಿತು. ಅವರ ಬಿಲ್ಲೆ ಬೋರ್ಡಿನಲ್ಲೇ ಉಳಿಯಿತು. ಎಷ್ಟೋ ದಿನಗಳ ಮೇಲೆ ಅಪ್ಪ ಅದನ್ನು ಮನೆಗೆ ತಂದಾಗ, ಅಜ್ಜಿ ಅದನ್ನು ಯಾವ ಮೊಳೆಗೂ ಹಾಕಲು ಬಿಡಲಿಲ್ಲ. ಮೊಳೆಯಲ್ಲಿದ್ದರೆ ಮಗ ಇನ್ನೂ ಕೆಳಗಿದ್ದಾನೆ ಅಂತಲೇ ಅವಳ ಲೆಕ್ಕ. ಜೇಬಿಗೆ ಹಾಕಿಕೊಳ್ಳೋಣವೆಂದರೆ ಮನುಷ್ಯನೇ ಇಲ್ಲ. ಹಾಗಾಗಿ ಅದು ದೇವರ ಗೂಡಿನ ಕೆಳಗೆ ತಗಡಿನ ಡಬ್ಬಿಯಲ್ಲಿ ಇವತ್ತಿಗೂ ಮಲಗಿದೆ.

ಬಂಡೆಗಳ ದ್ವೀಪ

ವಿಮಾನ ಇಳಿಯುವಾಗ ಕಿಟಕಿಯಿಂದ ನೋಡಿ ನಾನು ಸೆಲ್ವನ ಭುಜ ಹಿಡಿದು ಅಲ್ಲಾಡಿಸಿದೆ. ಹಸಿರು ಬೆಟ್ಟ, ಬೆಟ್ಟದ ತುಂಬ ಆನೆ ಗಾತ್ರದ ಬಂಡೆಗಳು, ಒಂದರ ಮೇಲೊಂದು ಕೂತಿವೆ. ಥೇಟ್ ಅಂತರಗಂಗೆ ಬೆಟ್ಟ. ನಮ್ಮ ಕೋಲಾರವನ್ನೇ ಯಾರೋ ಎತ್ತಿ ಸಮುದ್ರದ ನಡುವೆ ಇಟ್ಟು, ಸ್ವಲ್ಪ ನೀರು ಹಾಕಿ ಬೆಳೆಸಿದ ಹಾಗಿತ್ತು. ಹೊಟ್ಟೆಕಿಚ್ಚಾಯಿತು ಅಂತ ಹೇಳಿದರೆ ತಪ್ಪೇನಿಲ್ಲ.

ಆ ಜನಕ್ಕೆ ಒಂದು ಅಭ್ಯಾಸ. ಏನೇ ಕೇಳುವ ಮುಂಚೆ ಬೊಂಜೂರ್ ಅನ್ನಬೇಕು. ಬಸ್ ಹತ್ತಿದವನು ಇಡೀ ಬಸ್ಸಿಗೆ ಬೊಂಜೂರ್ ಅನ್ನುತ್ತಾನೆ. ಸೆಲ್ವ ಮೊದಲ ದಿನ ಅಂಗಡಿಗೆ ಹೋಗಿ ನೇರವಾಗಿ ಸೋಪು ಕೇಳಿದ. ಅಂಗಡಿಯಾಕೆ ಕೇಳಿಸದವಳ ಹಾಗೆ ಅವನನ್ನೇ ನೋಡುತ್ತಾ ನಿಂತಳು. ಅವನು ಕೂಗಿ ಕೇಳಿದ, ಕೈಯಲ್ಲಿ ಮೈ ಉಜ್ಜಿ ತೋರಿಸಿದ, ಊಹೂಂ. ಹಿಂದೆ ನಿಂತ ಮುದುಕರೊಬ್ಬರು ಕಿವಿಯಲ್ಲಿ ಹೇಳಿಕೊಟ್ಟ ಮೇಲೆ ಬೊಂಜೂರ್ ಅಂದ. ಸೋಪು ತಕ್ಷಣ ಬಂತು, ಜೊತೆಗೆ ನಗುವೂ ಬಂತು. ನಮ್ಮಲ್ಲಿ ಅಂಗಡಿಯವನಿಗೆ ನಮಸ್ಕಾರ ಹೇಳಿದರೆ ಸಾಲ ಕೇಳಲು ಬಂದಿದ್ದಾನೆ ಅಂದುಕೊಳ್ಳುತ್ತಾನೆ.

ನಾವು ಉಳಿದುಕೊಂಡ ಮನೆಯ ಒಡತಿ ಒಳ್ಳೆಯ ಹೆಂಗಸು. ನಾನು ಅವಳ ಅಡುಗೆಮನೆಯಲ್ಲಿ ಮುದ್ದೆ ಕಟ್ಟಿದ್ದನ್ನು ಕಂಡು, ಸ್ನಾನದ ಮನೆಯ ಗೋಡೆಯಲ್ಲೂ ಒಂದು ತೂತಿದೆ, ಅದಕ್ಕೂ ಸ್ವಲ್ಪ ಉಳಿಸಿ ಅಂದಳು. ತಿಂದು ತೋರಿಸಿದ ಮೇಲೆ ಬಾಯಿ ಮೇಲೆ ಕೈ ಇಟ್ಟುಕೊಂಡಳು. ಬದಲಿಗೆ ಅವಳು ಮಂಗಳೂರಿನವರು ಜೀಗುಜ್ಜೆ ಅನ್ನುವ ಕಾಯಿಯನ್ನು ಹುರಿದು ಕೊಟ್ಟಳು. ಅದನ್ನು ತಿಂದವರು ಈ ದ್ವೀಪಕ್ಕೆ ಮತ್ತೆ ಬಂದೇ ಬರುತ್ತಾರಂತೆ. ರುಚಿಯಾಗಿತ್ತು. ಬಂದೇ ಬರುವ ಭಯಕ್ಕೆ ಸೆಲ್ವ ಸ್ವಲ್ಪ ಕಡಿಮೆ ತಿಂದ, ನಾನು ತಟ್ಟೆ ಖಾಲಿ ಮಾಡಿದೆ.

ನಾಲ್ಕು ಇಲಾಖೆ, ಒಂದೇ ದೋಣಿ

ಬಂದರಿನಲ್ಲಿ ನಮ್ಮ ಯಂತ್ರ ಮೊದಲು ಎತ್ತಿದ ದೋಣಿಯ ನಾಯಕಿ ಸೊಲಾಂಜ್. ವಯಸ್ಸು ಮೂವತ್ತರ ಆಸುಪಾಸು, ಕಟ್ಟುಮಸ್ತಾದ ಹೆಣ್ಣುಮಗಳು, ನಕ್ಕರೆ ಜೆಟ್ಟಿಯ ಆ ತುದಿಗೆ ಕೇಳಬೇಕು. ಅವಳ ತಂದೆ ಮೀನುಗಾರ. ಎಷ್ಟೋ ವರ್ಷ ಕಚೇರಿಯಲ್ಲಿ ಮೇಜಿನ ಕೆಲಸ ಮಾಡಿ, ಆಗಷ್ಟೇ ದೋಣಿ ಅವಳ ಕೈಗೆ ಬಂದಿತ್ತು. ದೋಣಿಯ ತಳವನ್ನು ಅವಳು ಕೈಯಲ್ಲಿ ಸವರಿ ನೋಡುತ್ತಿದ್ದ ರೀತಿ, ನಮ್ಮ ರತ್ನಮ್ಮ ಗಬ್ಬದ ಹಸುವಿನ ಹೊಟ್ಟೆ ಸವರುವ ಹಾಗೆಯೇ.

ಆ ದೋಣಿ ಒಂದು ಇಲಾಖೆಯದಲ್ಲ, ಒಂದು ಕಾರ್ಯಪಡೆಯದು. ಸೊಲಾಂಜ್ ನನಗೆ ಬಿಡಿಸಿ ಹೇಳಿದಳು. ಸುತ್ತ ಅಷ್ಟೊಂದು ಸಮುದ್ರ. ಅದರಲ್ಲಿ ಕಳ್ಳ ಮೀನುಗಾರಿಕೆ, ಕಳ್ಳ ಸಾಮಾನು, ಒಂದು ಕಾಲಕ್ಕೆ ಕಡಲ್ಗಳ್ಳರ ಕಾಟ ಬೇರೆ. ಮೀನಿನ ಇಲಾಖೆಯವನು ಬಲೆ ನೋಡಬಹುದು, ಪೆಟ್ಟಿಗೆ ಬಿಚ್ಚುವಂತಿಲ್ಲ. ಸುಂಕದವನು ಪೆಟ್ಟಿಗೆ ಬಿಚ್ಚಬಹುದು, ಮನುಷ್ಯನನ್ನು ಹಿಡಿಯುವಂತಿಲ್ಲ. ಪೊಲೀಸಿನವನು ಹಿಡಿಯಬಹುದು, ಅವನ ಹತ್ತಿರ ದೋಣಿಯಿಲ್ಲ. ದೋಣಿಯಿರುವುದು ಕರಾವಳಿ ಕಾವಲಿನವರ ಹತ್ತಿರ. ಹೀಗಾಗಿ ನಾಲ್ವರೂ ಒಂದೇ ದೋಣಿಯಲ್ಲಿ ಹೋಗುತ್ತಾರೆ. ನಮ್ಮ ತಾಲ್ಲೂಕು ಕಚೇರಿಯಲ್ಲಿ ಒಂದು ಖಾತೆ ಬದಲಾವಣೆಗೆ ನಾನು ಮೇಜಿನಿಂದ ಮೇಜಿಗೆ ಅಲೆದದ್ದು ನೆನಪಾಯಿತು. ಆ ಮೇಜುಗಳನ್ನೆಲ್ಲ ಒಂದು ದೋಣಿಯಲ್ಲಿ ಕೂರಿಸಿ ನಡುನೀರಿಗೆ ಕಳಿಸಿದರೆ ಕೆಲಸ ಬೇಗ ಆಗುತ್ತದೋ ಏನೋ.

ರಿಪೇರಿ ಮುಗಿದು ದೋಣಿ ನೀರಿಗಿಳಿದ ದಿನ ಸೊಲಾಂಜ್ ನನ್ನನ್ನೂ ಕರೆದಳು. ಒಬ್ಬರಿಗೆ ಮಾತ್ರ ಜಾಗವಿತ್ತು. ಸೆಲ್ವ ದಡದಲ್ಲೇ ಉಳಿದ. ಜೆಟ್ಟಿಯ ಗೇಟಿನಲ್ಲಿ ಕೊಕ್ಕೆಗಳ ಒಂದು ಬೋರ್ಡು. ಕಾವಲುಗಾರ ಒಂದು ಕೊಕ್ಕೆಯಿಂದ ನಂಬರ್ ಇರುವ ಬಿಲ್ಲೆ ತೆಗೆದು ನನ್ನ ಕೊರಳಿಗೆ ಹಾಕಿದ. ಬಿಲ್ಲೆ ನೋಡಿ ನನಗೆ ಹಳೇ ನೆಂಟನನ್ನು ಕಂಡಷ್ಟು ಖುಷಿಯಾಯಿತು. ಇಳಿಯುವಾಗ ಕೊಡುವುದು ಬಿಟ್ಟು ಇವರು ಕೊರಳಿಗೆ ಹಾಕುತ್ತಾರಲ್ಲ ಅಂತ ಒಂದು ಗಳಿಗೆ ಅನ್ನಿಸಿತು. ಅಷ್ಟಕ್ಕೇ ಬಿಟ್ಟೆ.

ಸಮುದ್ರದ ಬಗ್ಗೆ ಹೆಚ್ಚು ಬರೆಯಲಾರೆ, ಅದರ ಹೆಚ್ಚಿನ ಭಾಗವನ್ನು ನಾನು ತಲೆ ಬಗ್ಗಿಸಿಕೊಂಡೇ ನೋಡಿದೆ. ಬೆಳಗಿನ ಅವಲಕ್ಕಿ ಮೀನಿನ ಪಾಲಾಯಿತು. ಆದರೂ ಒಂದು ವಿಷಯ ನೋಡಿದೆ. ಎದುರಿಗೆ ಯಾವ ದೋಣಿ ಸಿಕ್ಕರೂ ಇವರು ಮೊದಲು ಬೊಂಜೂರ್ ಅನ್ನುತ್ತಿದ್ದರು. ಎರಡನೆಯ ಮಾತು, ಕುಡಿಯುವ ನೀರಿದೆಯಾ, ಯಾರಿಗಾದರೂ ಹುಷಾರಿಲ್ಲವಾ ಅಂತ. ಕಾಗದ ಪತ್ರ ಕೇಳುವುದು ಆಮೇಲೆ. ಮೂವರಿದ್ದ ಒಂದು ಮೀನಿನ ದೋಣಿಯಲ್ಲಿ ಐಸಿನ ಕೆಳಗೆ ಸಿಗರೇಟಿನ ಪೆಟ್ಟಿಗೆಗಳು ಸಿಕ್ಕವು. ಮೀನಿನ ಇಲಾಖೆಯವನು ಪಕ್ಕಕ್ಕೆ ಸರಿದ, ಸುಂಕದವನು ಮುಂದೆ ಬಂದ, ಪೊಲೀಸಿನವನು ಹೆಸರು ಬರೆದುಕೊಂಡ. ಒಬ್ಬರ ಕಾಲು ಒಬ್ಬರು ತುಳಿಯಲಿಲ್ಲ. ಸಿಕ್ಕಿಬಿದ್ದವರ ಇಂಜಿನ್ ಕೆಟ್ಟಿತ್ತಂತೆ. ಅವರಿಗೆ ಟೀ ಕೊಟ್ಟು, ಹಗ್ಗ ಕಟ್ಟಿ, ನಾವೇ ಎಳೆದುಕೊಂಡು ಬಂದೆವು.

ಜೆಟ್ಟಿ ಮುಟ್ಟಿದಾಗ ನನಗೆ ನೆಲವೂ ತೂಗುತ್ತಿತ್ತು. ಸೊಲಾಂಜ್ ಎಳೆದು ತಂದ ದೋಣಿ ಕಟ್ಟಿಸುವ ಗಡಿಬಿಡಿಯಲ್ಲಿದ್ದಳು. ಸೆಲ್ವ ಬಂದು ನನ್ನ ರಟ್ಟೆ ಹಿಡಿದು ಎಲ್ಲರಿಗಿಂತ ಮೊದಲು ಹೊರಗೆ ಕರೆದುಕೊಂಡು ಹೋದ. ಕಾವಲುಗಾರನೂ ಹಗ್ಗ ಹಿಡಿಯಲು ಜೆಟ್ಟಿಗೆ ಹೋಗಿದ್ದ. ಗೇಟು ದಾಟುವಾಗ ಕೊರಳಿನ ಬಿಲ್ಲೆ ತೆಗೆದು ಜೇಬಿಗೆ ಹಾಕಿಕೊಂಡು ಮೇಲೆ ಒಂದು ಸಲ ತಟ್ಟಿಕೊಂಡೆ. ಸದ್ಯ, ಮೇಲೆ ಬಂದೆ, ಇನ್ನು ಮನೆ. ಎಷ್ಟು ವರ್ಷದ ಮೇಲೆ ಆ ಸಮಾಧಾನ!

ತಡೆಗೋಡೆಯ ಮೇಲೆ

ಊರೊಳಗೆ ಒಬ್ಬ ತಮಿಳು ಅಜ್ಜಿಯ ಅಂಗಡಿಯನ್ನು ಸೆಲ್ವ ಮೊದಲೇ ಪತ್ತೆ ಹಚ್ಚಿದ್ದ. ಅವಳ ತಾತನ ತಾತ ಈ ದ್ವೀಪಕ್ಕೆ ಬಂದವನಂತೆ, ಆದರೆ ವಡೆಯ ತೂತು ಇನ್ನೂ ನಮ್ಮ ಊರಿನ ತೂತೇ. ಖಾಲಿಯಾದ ಹೊಟ್ಟೆಗೆ ಬಿಸಿ ವಡೆ, ಶುಂಠಿ ಟೀ. ಅಜ್ಜಿ ಮತ್ತು ಸೆಲ್ವ ತಮಿಳಿನಲ್ಲಿ ಲೋಕಾಭಿರಾಮ ಮಾತಾಡುತ್ತಾ ಕೂತರು. ನನ್ನ ಫೋನನ್ನು ಉಪ್ಪುನೀರಿನ ಭಯಕ್ಕೆ ರೂಮಿನಲ್ಲೇ ಬಿಟ್ಟಿದ್ದೆ. ಸೆಲ್ವನದು ಹಡಗುಗಳ ವಿಡಿಯೊ ತೆಗೆದು ತೆಗೆದು ಚಾರ್ಜು ಮುಗಿದು ಸತ್ತಿತ್ತು.

ಬಿಸಿಲು ತಗ್ಗಿದ ಮೇಲೆ ಸಮುದ್ರದ ಗಾಳಿಗೆ ಅಂತ ತಡೆಗೋಡೆಯ ಕಡೆ ಬಂದರೆ ಅಲ್ಲಿ ಜನವೋ ಜನ. ಬಂದರಿನೊಳಗೆ ದೋಣಿಗಳು ಸುತ್ತು ಹಾಕುತ್ತಿವೆ. ಜೆಟ್ಟಿಯ ಪಕ್ಕದಲ್ಲಿ ನೀರಲ್ಲಿ ಮುಳುಗಿ ಹುಡುಕುವವರು ಇಳಿದಿದ್ದಾರೆ. ಸೊಲಾಂಜ್ ತನ್ನ ದೋಣಿಯ ತುದಿಯಲ್ಲಿ ಬಗ್ಗಿ ನಿಂತು ನೀರನ್ನೇ ನೋಡುತ್ತಿದ್ದಾಳೆ. ಪಕ್ಕದವನನ್ನು, ಬೊಂಜೂರ್ ಹೇಳಿಯೇ, ಏನಾಯಿತು ಅಂತ ಕೇಳಿದೆ. ಯಾರೋ ನೀರಿಗೆ ಬಿದ್ದಿದ್ದಾರೆ ಅಂದ. ಇಂಡಿಯಾದವನಂತೆ, ಮೆಕ್ಯಾನಿಕ್ ಅಂತೆ.

ಅಯ್ಯೋ ಪಾಪ, ಯಾವ ತಾಯಿ ಹೆತ್ತ ಮಗನೋ, ದುಡಿಯಲು ಬಂದು ಪರದೇಶದ ನೀರು ಪಾಲಾದನಲ್ಲ ಅಂತ ಕಣ್ಣಲ್ಲಿ ನೀರೇ ಬಂತು. ನಮ್ಮೂರಿನ ದೇವರಿಗೆಲ್ಲ ಕೈ ಮುಗಿದೆ. ಸೆಲ್ವನೂ ಎದೆಯ ಮೇಲೆ ಶಿಲುಬೆ ಗುರುತು ಹಾಕಿಕೊಂಡ. ಇಬ್ಬರೂ ಒಳ್ಳೆಯ ಮನಸ್ಸಿನಿಂದ ಬಹಳ ಹೊತ್ತು ದುಃಖಪಟ್ಟೆವು. ಆಮೇಲೆ ಸೆಲ್ವ ನಿಧಾನಕ್ಕೆ ನನ್ನ ಕಡೆ ತಿರುಗಿದ.

“ಅಣ್ಣಾ, ಈ ಹಾರ್ಬರ್‌ನಲ್ಲಿ ಇಂಡಿಯನ್ ಮೆಕ್ಯಾನಿಕ್ ಅಂದ್ರೆ ನಾವಿಬ್ರೇ ಅಲ್ವಾ?”

“ಹೌದು.”

“ನಾನು ಇಲ್ಲೇ ಇದೀನಿ.”

ನನ್ನ ಕೈ ತಾನಾಗಿ ಜೇಬಿಗೆ ಹೋಯಿತು. ಬಿಲ್ಲೆ ಅಲ್ಲೇ ಇತ್ತು. ಆಗಲೂ ನನ್ನ ಗಣಿಯ ತಲೆ ಹೇಳಿದ್ದು, ಬಿಲ್ಲೆ ಇದೆಯಲ್ಲ, ನಾನು ಕ್ಷೇಮವಾಗಿದ್ದೇನಲ್ಲ ಅಂತ. ಗೇಟಿನ ಬೋರ್ಡು ಕಣ್ಣ ಮುಂದೆ ಬಂದದ್ದು ಒಂದು ಕ್ಷಣ ಬಿಟ್ಟು. ಅಲ್ಲಿ ಎಲ್ಲ ತಿರುಗಾಮುರುಗಾ. ಹೋಗುವಾಗ ತೆಗೆದುಕೊಳ್ಳಬೇಕು, ಬಂದ ಮೇಲೆ ತೂಗುಹಾಕಬೇಕು. ಕೊಕ್ಕೆ ಖಾಲಿಯಿದ್ದರೆ ಮನುಷ್ಯ ನೀರಿನ ಮೇಲೆ. ನಾನು ಜೆಟ್ಟಿಗೆ ಕಾಲಿಟ್ಟದ್ದನ್ನು ಸೊಲಾಂಜ್ ನೋಡಿದ್ದಳು, ಕೊಕ್ಕೆ ಮಾತ್ರ ಖಾಲಿ. ಅಂದರೆ ತಲೆತಿರುಗಿದವನು ಜೆಟ್ಟಿಗೂ ಗೇಟಿಗೂ ನಡುವೆ ನೀರಿಗೆ ಬಿದ್ದ ಅಂತ ಅವರ ಲೆಕ್ಕ.

ಎರಡೂ ಕೈ ಎತ್ತಿಕೊಂಡು ಜೆಟ್ಟಿಗೆ ಓಡಿದೆ. ನನ್ನನ್ನು ಕಂಡು ಸೊಲಾಂಜ್ ಬೈಯುತ್ತಾಳೆ ಅಂದುಕೊಂಡಿದ್ದೆ. ಅವಳು ದೋಣಿಯಿಂದ ಹಾರಿ ಬಂದು ನನ್ನ ಎರಡೂ ತೋಳು ಹಿಡಿದು ನಿಂತಳು, ಅಷ್ಟೇ. ಬೈದಿದ್ದರೆ ಚೆನ್ನಾಗಿತ್ತು.

ಉದ್ದನೆಯ ಮೇಜು

ರೂಮಿಗೆ ಬಂದು ರತ್ನಮ್ಮನಿಗೆ ಫೋನ್ ಮಾಡಿದೆ. ಊಟ ಆಯಿತಾ ಅಂದಳು, ಆಯಿತು ಅಂದೆ. ಸುಮ್ಮನೆ ಹೆದರಿಸುವುದು ಯಾಕೆ ಅಂತ ನಾನು ಏನೂ ಹೇಳಲಿಲ್ಲ.

ಮಾರನೆಯ ದಿನ ಕಾರ್ಯಪಡೆಯ ಸಭೆಗೆ ನನ್ನನ್ನೂ ಕರೆದರು. ಉದ್ದನೆಯ ಮೇಜು, ಬೇರೆ ಬೇರೆ ಬಣ್ಣದ ಸಮವಸ್ತ್ರ, ಕೊನೆಯಲ್ಲಿ ಬಿಳಿ ಮೀಸೆಯ ಮುಖ್ಯಸ್ಥರು. ನನಗೆ ತಿಳಿಯಲೆಂದು ಇಂಗ್ಲಿಷಿನಲ್ಲಿ ನಿಧಾನವಾಗಿ ಮಾತಾಡಿದರು. ಹಿಂದಿನ ಸಂಜೆ ಸೊಲಾಂಜ್ ದೋಣಿ ಒಂದು ಹಡಗಿನ ಬೆನ್ನು ಹತ್ತಬೇಕಿತ್ತಂತೆ. ಹಡಗುಗಳು ತಾವೆಲ್ಲಿದ್ದೇವೆ ಅಂತ ಒಂದು ಉಪಕರಣದ ಮೂಲಕ ಸದಾ ಹೇಳುತ್ತಿರಬೇಕು. ಆ ಹಡಗು ಅದನ್ನು ಬಂದ್ ಮಾಡಿಕೊಂಡು ಕಳ್ಳನ ಹಾಗೆ ಹೋಗುತ್ತಿತ್ತು. ಇವರು ನನ್ನನ್ನು ಹುಡುಕಲು ನಿಂತದ್ದರಿಂದ ಪಕ್ಕದ ದೇಶದವರಿಗೆ ತಿಳಿಸಿದರು, ಅವರ ದೋಣಿ ಹೋಗಿ ಅದನ್ನು ನಿಲ್ಲಿಸಿತು. ಅದಕ್ಕೇ ನಾವೆಲ್ಲ ಕೈ ಜೋಡಿಸಿರುವುದು, ಅದರ ಬಗ್ಗೆ ಚಿಂತೆಯಿಲ್ಲ ಅಂದರು. ಚಿಂತೆ ಇದ್ದದ್ದು ಸೊಲಾಂಜ್ ವಿಷಯದಲ್ಲಿ.

ಅಲ್ಲಿನ ನಿಯಮದಂತೆ, ಬೋರ್ಡು ತುಂಬಿದ್ದನ್ನು ಕಣ್ಣಾರೆ ನೋಡಿದ ಮೇಲೆಯೇ ನಾಯಕ ಎಲ್ಲರೂ ಬಂದರು ಅಂತ ಹೇಳಬೇಕು. ಅವಳು ನೋಡುವ ಮುಂಚೆ ಹೇಳಿದ್ದಳು. ಕೇಳಿದ್ದಕ್ಕೆ ಅವಳು ಸುತ್ತಿ ಬಳಸಲಿಲ್ಲ. ಇವರ ಕಾಲು ಜೆಟ್ಟಿಯ ಮೇಲಿದ್ದದ್ದು ನೋಡಿದೆ, ಕೊಕ್ಕೆ ನೋಡಲಿಲ್ಲ ಅಂದಳು. ಅವಳನ್ನು ಮತ್ತೆ ಮೇಜಿನ ಕೆಲಸಕ್ಕೆ ಹಾಕಬೇಕು ಅಂತ ಒಬ್ಬ ಅಧಿಕಾರಿ ಹೇಳಿದರು. ಮುಖ್ಯಸ್ಥರು ನನಗೆ ಕಾರಣ ವಿವರಿಸಿದರು: ಇಷ್ಟು ಇಲಾಖೆಗಳು ತಮ್ಮ ಮನುಷ್ಯರನ್ನು ಒಬ್ಬಳ ದೋಣಿಗೆ ಕೊಡುವುದು ಅವಳು ವಾಪಸು ತರುತ್ತಾಳೆ ಅನ್ನುವ ನಂಬಿಕೆಯಿಂದ. ಆ ನಂಬಿಕೆ ಹೋದರೆ ಒಬ್ಬೊಬ್ಬರೂ ತಮ್ಮವರನ್ನು ಹಿಂದಕ್ಕೆ ಕರೆಸಿಕೊಳ್ಳುತ್ತಾರೆ, ಆಮೇಲೆ ಕಾರ್ಯಪಡೆ ಅನ್ನುವುದು ಬರೀ ಹೆಸರು. ಮಾತು ಸರಿಯಾಗಿಯೇ ಇತ್ತು. ಸೊಲಾಂಜ್ ತಲೆ ತಗ್ಗಿಸಿ ಕೂತಿದ್ದಳು. ನನ್ನ ಒಂದು ಜೇಬಿನಿಂದ ಅವಳ ದೋಣಿ ಹೋಗುತ್ತಿದೆಯಲ್ಲ ಅಂತ ನನಗೆ ಕೂರಲಾಗಲಿಲ್ಲ.

ಎದ್ದು ನಿಂತು ನನಗೆ ಬರುವ ಇಂಗ್ಲಿಷಿನಲ್ಲಿ ಎಲ್ಲ ಹೇಳಿದೆ. ಗಣಿಯ ಕಿಟಕಿ, ಹಿತ್ತಾಳೆ ಬಿಲ್ಲೆ, ಹೆಂಡತಿ ಜೇಬು ಮುಟ್ಟುವುದು. ಚಿಕ್ಕಪ್ಪನ ಬಿಲ್ಲೆ ಬೋರ್ಡಿನಲ್ಲೇ ಉಳಿದದ್ದು, ಅಜ್ಜಿ ಅದನ್ನು ಮೊಳೆಗೆ ಹಾಕಲು ಬಿಡದಿದ್ದದ್ದು. ನಿಮ್ಮ ಲೆಕ್ಕದಲ್ಲಿ ನಾನು ಕಳೆದುಹೋಗಿದ್ದೆ, ನನ್ನ ಲೆಕ್ಕದಲ್ಲಿ ಮನೆ ಸೇರಿದ್ದೆ. ನಿಮ್ಮ ಕ್ರಮ ನನಗೆ ಹೇಳಿಕೊಡದಿದ್ದದ್ದು ಒಂದು ತಪ್ಪು, ನಾನು ಕೇಳದಿದ್ದದ್ದು ದೊಡ್ಡ ತಪ್ಪು ಅಂದೆ. ಕೊನೆಗೆ, ಎಲ್ಲರೂ ನೋಡುತ್ತಿದ್ದ ಹಾಗೆ ಹೇಳಿದೆ:

“ನಾನು ಮತ್ತೆ ಸಮುದ್ರಕ್ಕೆ ಹೋಗುವುದಾದರೆ ಇವಳ ದೋಣಿಯಲ್ಲೇ ಹೋಗುತ್ತೇನೆ. ಒಂದು ಬಿಲ್ಲೆ ಕಾಣದಿದ್ದಕ್ಕೆ ಇಷ್ಟು ನೀರು ಜಾಲಾಡಿದವಳು ಇವಳು.”

ಮೊದಲು ಸುಂಕದವರು, ನಮ್ಮ ಮನುಷ್ಯ ಅವಳ ದೋಣಿಯಲ್ಲೇ ಇರಲಿ ಅಂದರು. ಮೀನಿನವರು ತಲೆ ಆಡಿಸಿದರು. ಪೊಲೀಸಿನವರು ಟೀಗೆ ಹೇಳಿದರು. ಮುಖ್ಯಸ್ಥರು ಮೀಸೆ ಸವರಿಕೊಂಡು ತೀರ್ಪು ಕೊಟ್ಟರು: ದೋಣಿ ಸೊಲಾಂಜ್ ಕೈಯಲ್ಲೇ ಇರಲಿ. ಆದರೆ ಈ ಇಂಡಿಯಾದವರು ಊರಿಗೆ ಹೋಗುವವರೆಗೂ, ಸಂಜೆ ದೋಣಿಗಳು ಬರುವ ಹೊತ್ತಿಗೆ ಅವಳೂ ಇವರೂ ಬೋರ್ಡಿನ ಪಕ್ಕ ನಿಂತು ಬಿಲ್ಲೆ ತೂಗುಹಾಕಿಸಬೇಕು.

ಶಿಕ್ಷೆಯಂತೆ! ನನಗೆ ಅದಕ್ಕಿಂತ ಚೆಂದದ ಸಂಜೆಗಳು ಸಿಕ್ಕಿಲ್ಲ. ದಣಿದು ಬಂದವರು ಒಬ್ಬೊಬ್ಬರೂ ಬೊಂಜೂರ್ ಹೇಳಿ, ನನ್ನ ಮುಖ ನೋಡಿ ನಕ್ಕು, ಟಣ್ ಅಂತ ಬಿಲ್ಲೆ ಹಾಕಿ ಹೋಗುತ್ತಿದ್ದರು. ಬೋರ್ಡು ತುಂಬಿದ ಮೇಲೆ ಸೊಲಾಂಜ್ ಮತ್ತು ನಾನು ಎರಡೆರಡು ಸಲ ನೋಡಿ ಗೇಟು ಬಿಡುತ್ತಿದ್ದೆವು. ಹೊರಡುವ ದಿನ ಅವಳು ನನ್ನ ಜೇಬು ತಪಾಸಣೆ ಮಾಡಿಯೇ ವಿಮಾನಕ್ಕೆ ಕಳಿಸಿದಳು.

ಮನೆ

ಬಂಗಾರಪೇಟೆಯಲ್ಲಿ ಇಳಿದು, ಊರಿನ ಆಟೊ ಹಿಡಿದು ಮನೆಗೆ ಬಂದರೆ ರತ್ನಮ್ಮ ಬಾಗಿಲಲ್ಲೇ ಇದ್ದಳು. ನೀರು ಕೊಡುವ ಮುಂಚೆ ಜೇಬು ಮುಟ್ಟಿದಳು. ನಾನು ನಗುತ್ತಾ, ಅಲ್ಲೊಂದು ಕಥೆಯಾಯಿತು ಅಂತ ಶುರು ಮಾಡಿದೆ.

ಅವಳಿಗೆ ಗೊತ್ತಿತ್ತು! ಆ ಸಂಜೆ ನಮ್ಮ ಕಾರ್ಖಾನೆಯ ಸಾಹೇಬರು ಅವಳಿಗೆ ಫೋನ್ ಮಾಡಿ, ಗಾಬರಿಯಾಗಬೇಡಿ ಅಂತ ತಾವೇ ಗಾಬರಿಯಾಗಿ, ನಿಮ್ಮವರು ಕಾಣುತ್ತಿಲ್ಲ, ಬೋರ್ಡಿನಲ್ಲಿ ಅವರ ಬಿಲ್ಲೆ ಇಲ್ಲವಂತೆ ಅಂದಿದ್ದರು. ಡೈರಿಗೆ ಹಾಲು ಹಾಕಿ ಆಗಷ್ಟೇ ಬಂದಿದ್ದ ಇವಳು ಕೇಳಿದ್ದು ಒಂದೇ ಪ್ರಶ್ನೆ.

“‘ಬೋರ್ಡ್‌ನಾಗಿಲ್ವಾ ಸಾ, ನೋಡಿದೀರಾ?’ ಅಂದೆ. ಇಲ್ಲ ಅಂದ್ರು. ‘ಅಂಗಾರೆ ಜೇಬಲ್ಲಿರ್ತದೆ ಬಿಡಿ. ಎಲ್ಲೋ ತಿಂತಾ ಕುಂತಿರ್ತಾರೆ’ ಅಂದೆ.”

ಸಾಹೇಬರು ಪಾಪ, ದುಃಖಕ್ಕೆ ಹೆಂಗಸಿಗೆ ತಲೆ ಕೆಟ್ಟಿತು ಅಂದುಕೊಂಡರಂತೆ. ಅಲ್ಲಿ ಒಂದು ದೇಶದ ಬಂದರೇ ನನಗಾಗಿ ನೀರು ಕಡೆಯುತ್ತಿದ್ದಾಗ, ಇಲ್ಲಿ ಇವಳು ಹಸುಗಳಿಗೆ ಬೂಸಾ ಕಲಸುತ್ತಿದ್ದಳು. ನನ್ನ ತಪ್ಪೂ ಅವಳ ತಪ್ಪೂ ಒಂದೇ ಆದದ್ದರಿಂದ ಅವಳಿಗೆ ಒಂದು ಗಳಿಗೆಯೂ ಭಯವಾಗಲಿಲ್ಲ. ಆ ಖುಷಿಗೆ ನಾನು ಅಳಬೇಕೋ ನಗಬೇಕೋ ತಿಳಿಯದೆ ಅಲ್ಲೇ ಜಗಲಿಯ ಮೇಲೆ ಕೂತೆ.

ಆಮೇಲೆ ಅವಳಿಗೆ ಅಲ್ಲಿನ ಕ್ರಮ ಬಿಡಿಸಿ ಹೇಳಿದೆ. ಅಲ್ಲಿ ಬಿಲ್ಲೆ ತೂಗುತ್ತಿದ್ದರೆ ಮನುಷ್ಯ ಬಂದ ಅಂತ ಅರ್ಥ. ಅವಳು ಇನ್ನೊಂದು ಸಲ ಕೇಳಿದಳು, ಇನ್ನೊಂದು ಸಲ ಹೇಳಿದೆ. ಎದ್ದು ಒಳಗೆ ಹೋದಳು. ದೇವರ ಗೂಡಿನ ಕೆಳಗಿನ ಡಬ್ಬಿ ತೆಗೆದ ಸದ್ದಾಯಿತು, ಆಮೇಲೆ ಬಚ್ಚಲಿನಲ್ಲಿ ತಿಕ್ಕುವ ಸದ್ದು. ಹುಣಸೆಹಣ್ಣು ಹಾಕಿ ಉಜ್ಜಿದ ಚಿಕ್ಕಪ್ಪನ ಬಿಲ್ಲೆಯನ್ನು ಸೆರಗಿನಲ್ಲಿ ಒರೆಸುತ್ತಾ ಬಂದಳು. ಕಪ್ಪು ಹೋಗಿ ನಂಬರು ಕಾಣುತ್ತಿತ್ತು.

“ಅವ್ರ ಲೆಕ್ಕದಾಗೆ ನಮ್ ಚಿಕ್ಕತಾತನೂ ಮನೇಗ್ ಬಂದಂಗೆ ಅಲ್ವಾ, ಮಾವ?”

ಸುತ್ತಿಗೆ ಹುಡುಕಿ ತಂದು, ಬಾಗಿಲ ಪಕ್ಕ, ಒಳಗೆ ಬರುವವರಿಗೆ ಕಾಣುವ ಹಾಗೆ ಮೊಳೆ ಹೊಡೆದೆ.